ಕತ್ತರಿ ಹಿಡಿದು ಕೂಡಿಸಿದವರು: ರೇಣು ಸಲೂಜಾ

ಕಳೆದ ವರ್ಷ ನಮ್ಮ ಮಹಿಳಾ ವೇದಿಕೆಯಿಂದ ಒಂದು ಸಣ್ಣ ವಿಡಿಯೋ ಮಾಡಿದ್ದು ನಿಮ್ಮಲ್ಲಿ ಹಲವರಿಗೆ ನೆನಪಿರಬಹುದು. ಮದುವೆಯಾಗಿಯೋ, ಯಜಮಾನರ ವರ್ಗಾವಣೆಯಿಂದಲೋ, ಓದು-ಕೆಲಸಕ್ಕೆಂದೋ ಪುಣೆಗೆ ಬಂದು ಇಲ್ಲಿಯವರೇ ಆಗಿಹೋದ ಹಿರಿಯ ಸದಸ್ಯೆಯರನ್ನು ಮಾತಾಡಿಸಿ, ಮೊಬೈಲಿನಲ್ಲಿ ಚಿತ್ರೀಕರಿಸಿ, ರಾಜ್ಯೋತ್ಸವದ ಕಾರ್ಯಕ್ರಮದಲ್ಲಿ ತೋರಿಸಿದ್ದೆವು. 9 ಮಂದಿ ಹಿರಿಯರು, ಸುಮಾರು 6 ಗಂಟೆಯ ಮಾತು. ಕಾರ್ಯಕ್ರಮದಲ್ಲಿ ನಮಗೆ ಸಿಕ್ಕ ಸಮಯ 18 ನಿಮಿಷ. "ಎಡಿಟಿಂಗ್ ನಾನು ಮಾಡ್ತೀನಿ ಬಿಡಿ" ಎಂದು ಒಪ್ಪಿಕೊಂಡವಳು ನಾನು. ಮಗರಪಟ್ಟಾದ ನಮ್ಮ ಮನೆಯ ಊಟದ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು, ರಾತ್ರಿ ಎಲ್ಲರೂ ಮಲಗಿದ ಮೇಲೆ ಒಂದು ವಾರ ಕೂತೆ.

ಧಾರವಾಡದ ಕಡೆಯ ಒಬ್ಬ ಕಾಕು ಆ ವಿಡಿಯೋದಲ್ಲಿದ್ದರು. ವಯಸ್ಸು 80 ದಾಟಿದೆ. ಮದುವೆಗೆ ಮೊದಲು ಸಂಗೀತ ಕಲಿತವರು. "ಹಾಡೋದನ್ನ ಯಾವಾಗ ಬಿಟ್ರಿ ಕಾಕು?" ಎಂದು ನಮ್ಮವರು ಕೇಳಿದ್ದರು. ಅವರು ಉತ್ತರ ಕೊಡುವ ಮೊದಲು ಸ್ವಲ್ಪ ಹೊತ್ತು ಸುಮ್ಮನಿದ್ದರು. ಲ್ಯಾಪ್‌ಟಾಪಿನಲ್ಲಿ ಲೆಕ್ಕ ಹಾಕಿದರೆ 11 ಸೆಕೆಂಡು. ಆಮೇಲೆ ಹೇಳಿದರು: "ಬಿಟ್ಟಿಲ್ಲವಾ. ಅಡಿಗಿ ಮನ್ಯಾಗ ಹಾಡ್ತಿದ್ದೆ." ನನಗೆ ಸಮಯ ಉಳಿಸಬೇಕಿತ್ತು. ಆ 11 ಸೆಕೆಂಡು ತೆಗೆದು, ಪ್ರಶ್ನೆಯ ಬೆನ್ನಿಗೇ ಉತ್ತರವನ್ನು ಅಂಟಿಸಿದೆ. ಕಾರ್ಯಕ್ರಮದ ದಿನ ಆ ಮಾತಿಗೆ ಇಡೀ ಸಭಾಂಗಣ ನಕ್ಕಿತು, ಚಪ್ಪಾಳೆ ತಟ್ಟಿತು. ನನಗೂ ಖುಷಿಯಾಯಿತು.

ಊಟದ ಹೊತ್ತಿನಲ್ಲಿ ಕಾಕು ನನ್ನ ಕೈ ಹಿಡಿದುಕೊಂಡು, "ಛಲೋ ಆಗೇದವಾ. ಆದ್ರ ನಾ ಅದನ್ನ ನಗಸಲಿಕ್ಕೆ ಹೇಳಿದ್ದಲ್ಲ, ತಂಗಿ" ಅಂದರು. ಬೇಸರದಿಂದ ಹೇಳಲಿಲ್ಲ, ಮೆಲ್ಲಗೆ ಹೇಳಿದರು. ಅದಕ್ಕೇ ನನಗೆ ಹೆಚ್ಚು ನಾಟಿತು. ಅವರ ಒಂದು ಅಕ್ಷರವನ್ನೂ ನಾನು ಬದಲಿಸಿರಲಿಲ್ಲ. ಆದರೂ ಅವರು ಹೇಳಿದ್ದೇ ಬೇರೆ, ನಾನು ಜನರಿಗೆ ಕೇಳಿಸಿದ್ದೇ ಬೇರೆ ಆಗಿತ್ತು. ಆ ವಾರದಿಂದ ಸಿನಿಮಾ ಸಂಕಲನಕಾರರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದತೊಡಗಿದೆ. ಓದುತ್ತ ಹೋದಂತೆ ಒಂದೇ ಹೆಸರು ಮತ್ತೆ ಮತ್ತೆ ಎದುರಾಯಿತು. ಅವರು ಕೆಲಸ ಕಲಿತದ್ದು ನಮ್ಮ ಈ ಪುಣೆಯಲ್ಲೇ. ಅವರ ಹೆಸರು ರೇಣು ಸಲೂಜಾ.

ಸಂಕಲನ ಎಂದರೆ ಕೂಡಿಸುವುದು

ಮೊದಲು ಆ ಪದವನ್ನೇ ನೋಡೋಣ. ಹಿಂದಿನವರು ಸಿನಿಮಾ ಎಡಿಟರ್ ಎಂದರೆ "ಕತ್ತರಿ ಹಾಕುವವರು" ಅನ್ನುತ್ತಿದ್ದರು. ಆದರೆ ಕನ್ನಡದ ಟೈಟಲ್ ಕಾರ್ಡಿನಲ್ಲಿ ಬರುವುದು "ಸಂಕಲನ". ಶಾಲೆಯಲ್ಲಿ ಗಣಿತದ ಮೇಷ್ಟ್ರು ಸಂಕಲನ, ವ್ಯವಕಲನ ಎಂದು ಹೇಳಿಕೊಟ್ಟಿದ್ದು ನೆನಪಿದೆಯಲ್ಲ? ಸಂಕಲನ ಎಂದರೆ ಕೂಡುವ ಲೆಕ್ಕ. ನಮ್ಮ ಭಾಷೆ ಈ ಕೆಲಸಕ್ಕೆ ಸರಿಯಾದ ಹೆಸರನ್ನೇ ಇಟ್ಟಿದೆ. ಯಾವುದರ ಪಕ್ಕಕ್ಕೆ ಯಾವುದನ್ನು ಇಟ್ಟರೆ ಏನು ಅರ್ಥ ಬರುತ್ತದೆ ಎಂದು ನಿರ್ಧರಿಸುವುದೇ ಇಲ್ಲಿನ ಮುಖ್ಯ ಕೆಲಸ. ಕತ್ತರಿಸುವುದು ಅದಕ್ಕೆ ಮಾಡಿಕೊಳ್ಳುವ ತಯಾರಿ ಮಾತ್ರ.

ಸುಮಾರು 100 ವರ್ಷಗಳ ಹಿಂದೆ ರಷ್ಯಾದ ಲೆವ್ ಕುಲೆಷೋವ್ ಎಂಬ ನಿರ್ದೇಶಕರು ಒಂದು ಪ್ರಯೋಗ ಮಾಡಿದರು. ಒಬ್ಬ ನಟನ ಭಾವವಿಲ್ಲದ ಮುಖವನ್ನು ಒಮ್ಮೆ ಸೂಪಿನ ಬಟ್ಟಲಿನ ಪಕ್ಕ, ಒಮ್ಮೆ ಶವಪೆಟ್ಟಿಗೆಯ ಪಕ್ಕ, ಒಮ್ಮೆ ಒಬ್ಬ ಹೆಣ್ಣಿನ ಪಕ್ಕ ಜೋಡಿಸಿ ತೋರಿಸಿದರು. ನೋಡಿದವರಿಗೆ ಅದೇ ಮುಖದಲ್ಲಿ ಒಮ್ಮೆ ಹಸಿವು, ಒಮ್ಮೆ ದುಃಖ, ಒಮ್ಮೆ ಆಸೆ ಕಂಡಿತು. ಕಾಕುವಿನ ವಿಷಯದಲ್ಲಿ ನಾನು ಗೊತ್ತಿಲ್ಲದೆ ಇದನ್ನೇ ಮಾಡಿದ್ದೆ. ಮೌನದ ಪಕ್ಕದಲ್ಲಿದ್ದ ಮಾತನ್ನು ತೆಗೆದು ಪ್ರಶ್ನೆಯ ಪಕ್ಕಕ್ಕಿಟ್ಟೆ. ನೋವಿನ ಮಾತು ತಮಾಷೆಯಾಯಿತು.

ಇನ್ನೊಂದು ವಿಷಯ ಓದಿ ನನಗೆ ಆಶ್ಚರ್ಯವಾಯಿತು. ಸಿನಿಮಾ ಹುಟ್ಟಿದ ಕಾಲದಲ್ಲಿ ಸಂಕಲನ ಬಹುಮಟ್ಟಿಗೆ ಹೆಂಗಸರ ಕೆಲಸವಾಗಿತ್ತು. ಹಾಲಿವುಡ್‌ನ ಮೂಕಿ ಚಿತ್ರಗಳ ದಿನಗಳಲ್ಲಿ ಫಿಲ್ಮ್ ಕತ್ತರಿಸಿ ಅಂಟಿಸುವುದು ಹೊಲಿಗೆಯಂಥ ಸೂಕ್ಷ್ಮ ಕೈಕೆಲಸ ಎಂದುಕೊಂಡು ಅದಕ್ಕೆ ಹುಡುಗಿಯರನ್ನು ಇಟ್ಟುಕೊಳ್ಳುತ್ತಿದ್ದರು. ಅವರಲ್ಲಿ ಒಬ್ಬರಾದ ಆ್ಯನ್ ಬಾಕೆನ್ಸ್ 1940ರ ‘ನಾರ್ತ್ ವೆಸ್ಟ್ ಮೌಂಟೆಡ್ ಪೊಲೀಸ್’ ಚಿತ್ರಕ್ಕೆ ಆಸ್ಕರ್ ಪಡೆದರು. ರಷ್ಯಾದ ‘ಮ್ಯಾನ್ ವಿತ್ ಎ ಮೂವಿ ಕ್ಯಾಮೆರಾ’ (1929) ಚಿತ್ರದಲ್ಲಂತೂ ಅದರ ಸಂಕಲನದಲ್ಲಿ ದುಡಿದ ಎಲಿಜವೆಟಾ ಸ್ವಿಲೋವಾ ಮೇಜಿನ ಮುಂದೆ ಕೂತು ಫಿಲ್ಮ್ ಜೋಡಿಸುವುದನ್ನೇ ತೋರಿಸಿದ್ದಾರೆ. ಕೆಲಸಕ್ಕೆ ಹಣ, ಹೆಸರು ಬರತೊಡಗಿದಂತೆ ಆ ಕುರ್ಚಿಗಳು ನಿಧಾನವಾಗಿ ಗಂಡಸರ ಪಾಲಾದವು.

ನಮ್ಮಲ್ಲೂ ಹೀಗೇ. ದಾದಾಸಾಹೇಬ್ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ (1913) ಎಲ್ಲರಿಗೂ ಗೊತ್ತು. ಅವರ ಪತ್ನಿ ಸರಸ್ವತಿಬಾಯಿ ಫಿಲ್ಮಿನ ಅಂಚಿಗೆ ತೂತು ಹಾಕುವುದು, ರಾಸಾಯನಿಕ ಬೆರೆಸುವುದು, ಫಿಲ್ಮ್ ತೊಳೆಯುವುದು ಎಲ್ಲವನ್ನೂ ಕಲಿತು ಮಾಡುತ್ತಿದ್ದರು. ಜೊತೆಗೆ ಇಡೀ ತಂಡಕ್ಕೆ ಅಡುಗೆಯೂ ಅವರದೇ. ಸಂಕಲನದಲ್ಲೂ ಅವರು ಕೈಜೋಡಿಸಿದ್ದರು ಎಂದು ಬರೆದವರಿದ್ದಾರೆ. ಭಾರತೀಯ ಚಿತ್ರರಂಗಕ್ಕೆ ಪಿತಾಮಹ ಇದ್ದಾರೆ. ಆ ಅಡುಗೆಮನೆಯ ಬಗ್ಗೆ ಮಾತಾಡುವವರು ಕಡಿಮೆ.

ಲಾ ಕಾಲೇಜು ರಸ್ತೆಯ ಹುಡುಗಿ

ಹಡಪ್ಸರದ ಕಡೆಯಿಂದ ಲಾ ಕಾಲೇಜು ರಸ್ತೆಗೆ ಹೋಗುವುದೆಂದರೆ ಈಗಿನ ಟ್ರಾಫಿಕ್‌ನಲ್ಲಿ ಒಂದು ಗಂಟೆಯ ಮಾತು. ಅಲ್ಲಿರುವ ಫಿಲ್ಮ್ ಅಂಡ್ ಟೆಲಿವಿಷನ್ ಇನ್‌ಸ್ಟಿಟ್ಯೂಟ್, ಅಂದರೆ ಎಫ್‌ಟಿಐಐ, ಗೇಟಿನ ಮುಂದೆ ನಾವೆಲ್ಲ ಎಷ್ಟು ಸಲ ಹಾದುಹೋಗಿಲ್ಲ! ಆ ಜಾಗ ಮೊದಲು ಪ್ರಭಾತ್ ಸ್ಟುಡಿಯೋ ಆಗಿತ್ತು. 1929ರಲ್ಲಿ ಕೊಲ್ಲಾಪುರದಲ್ಲಿ ಶುರುವಾದ ಪ್ರಭಾತ್ ಕಂಪನಿ 1933ರಲ್ಲಿ ಪುಣೆಗೆ ಬಂತು. ನಮ್ಮ ಮೊದಲ ಕನ್ನಡ ಟಾಕಿ ‘ಸತಿ ಸುಲೋಚನ’ (1934) ಚಿತ್ರೀಕರಣವಾದದ್ದೂ ಕೊಲ್ಲಾಪುರದ ಛತ್ರಪತಿ ಸಿನಿಟೋನ್ ಸ್ಟುಡಿಯೋದಲ್ಲಿ ಎಂಬುದನ್ನು ಇಲ್ಲಿ ನೆನೆಯಬಹುದು. ಪ್ರಭಾತ್ ಮುಚ್ಚಿದ ಮೇಲೆ 1960ರಲ್ಲಿ ಅದೇ ಆವರಣದಲ್ಲಿ ಸರ್ಕಾರ ಚಲನಚಿತ್ರ ಶಾಲೆ ತೆರೆಯಿತು.

ರೇಣು ಸಲೂಜಾ ಹುಟ್ಟಿದ್ದು 1952ರ ಜುಲೈ 5ರಂದು, ದೆಹಲಿಯ ಪಂಜಾಬಿ ಕುಟುಂಬದಲ್ಲಿ. ಸಹೋದರಿ ರಾಧಾ ಸಲೂಜಾ ನಟಿ, ಎಂ.ಜಿ.ಆರ್. ಜೊತೆ ತಮಿಳಿನ ‘ಇದಯಕ್ಕನಿ’ಯಲ್ಲಿ ನಾಯಕಿಯಾಗಿದ್ದವರು. ರೇಣು ಪುಣೆಗೆ ಬಂದದ್ದು ನಿರ್ದೇಶನ ಕಲಿಯುವ ಆಸೆಯಿಂದ. ಅದರಲ್ಲಿ ಸೀಟು ಸಿಗಲಿಲ್ಲ, ಸಂಕಲನ ವಿಭಾಗಕ್ಕೆ ಸೇರಿದರು. ಹುಡುಗಿಯರು ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಹೋಗುವುದೆಂದರೆ ನಟನೆಗೆ ಎಂದು ಜನ ತಿಳಿದಿದ್ದ ಕಾಲ ಅದು. ಅವರಿಗಿಂತ ಮೊದಲು ಪುಣೆಯವರೇ ಆದ ಅರುಣಾ ರಾಜೇ 1969ರಲ್ಲಿ ಇಲ್ಲಿಂದ ತಂತ್ರಜ್ಞೆಯಾಗಿ ಹೊರಬಂದಿದ್ದರು. ದಾರಿ ಇತ್ತು, ಆದರೆ ಅದರಲ್ಲಿ ನಡೆದವರು ಬಹಳ ಕಡಿಮೆ.

ಆಗಿನ ಇನ್‌ಸ್ಟಿಟ್ಯೂಟಿಗೂ ಕನ್ನಡಕ್ಕೂ ಒಳ್ಳೆಯ ನಂಟಿತ್ತು. 1974-75ರಲ್ಲಿ ಅಲ್ಲಿನ ನಿರ್ದೇಶಕರಾಗಿದ್ದವರು ನಮ್ಮ ಗಿರೀಶ ಕಾರ್ನಾಡರು. ಗಿರೀಶ ಕಾಸರವಳ್ಳಿಯವರೂ ಅದೇ ವರ್ಷಗಳಲ್ಲಿ ಅಲ್ಲಿ ಓದಿದರು. ಹೊರಬಂದು 1977ರಲ್ಲಿ ‘ಘಟಶ್ರಾದ್ಧ’ ಮಾಡಿ ಸ್ವರ್ಣಕಮಲ ತಂದರು. ರೇಣು ಓದು ಮುಗಿಸಿದ್ದು 1976ರಲ್ಲಿ. ಅವರ ಕಾಲದ ವಿದ್ಯಾರ್ಥಿಗಳಲ್ಲಿ ಕುಂದನ್ ಶಾ, ಸಯೀದ್ ಮಿರ್ಜಾ, ವಿಧು ವಿನೋದ್ ಚೋಪ್ರಾ ಇದ್ದರು. ಮುಂದೆ ಹಿಂದಿ ಸಿನಿಮಾದ ದಿಕ್ಕನ್ನೇ ಸ್ವಲ್ಪ ತಿರುಗಿಸಿದ ಹುಡುಗರು ಇವರು. ಇವರೆಲ್ಲರ ಚಿತ್ರಗಳೂ ಒಂದಲ್ಲ ಒಂದು ದಿನ ರೇಣು ಅವರ ಮೇಜಿಗೆ ಬಂದವು.

ಆ ಮೇಜಿನ ಮುಂದೆ

ನಾನು ಲ್ಯಾಪ್‌ಟಾಪಿನಲ್ಲಿ ತಪ್ಪು ಮಾಡಿದರೆ ಒಂದು ಬಟನ್ ಒತ್ತಿ ಹಿಂದಕ್ಕೆ ಹೋಗುತ್ತಿದ್ದೆ. ರೇಣು ಕೆಲಸ ಶುರು ಮಾಡಿದ ಕಾಲದಲ್ಲಿ ಆ ಅನುಕೂಲ ಇರಲಿಲ್ಲ. 35 ಎಂ.ಎಂ. ಫಿಲ್ಮಿನಲ್ಲಿ ಒಂದು ಸೆಕೆಂಡಿಗೆ 24 ಚಿತ್ರಗಳು. ಒಂದು ಅಡಿಗೆ 16 ಚಿತ್ರಗಳಂತೆ ನಿಮಿಷಕ್ಕೆ 90 ಅಡಿ. ಎರಡು ಗಂಟೆಯ ಸಿನಿಮಾ ಎಂದರೆ 10,800 ಅಡಿ. ಇದು ಕೊನೆಗೆ ಉಳಿಯುವುದರ ಲೆಕ್ಕ. ಚಿತ್ರೀಕರಿಸಿದ್ದು ಅದರ ಎಷ್ಟೋ ಪಟ್ಟು ಇರುತ್ತದೆ. ಚಿತ್ರದ ಸುರುಳಿ ಬೇರೆ, ಧ್ವನಿಯ ಸುರುಳಿ ಬೇರೆ. ಕ್ಲ್ಯಾಪ್ ಬೋರ್ಡಿನ ಸದ್ದು ನೋಡಿ ಎರಡನ್ನೂ ಹೊಂದಿಸಬೇಕು. ಸ್ಟೀನ್‌ಬೆಕ್ ಎಂಬ ಮೇಜಿನಂಥ ಯಂತ್ರದ ಮೇಲೆ ಫಿಲ್ಮ್ ಓಡಿಸಿ ನೋಡಿ, ಬೇಕಾದ ಕಡೆ ಬಣ್ಣದ ಪೆನ್ಸಿಲ್‌ನಿಂದ ಗುರುತು ಹಾಕಿ, ಕತ್ತರಿಸಿ, ಟೇಪಿನಿಂದ ಅಂಟಿಸಬೇಕು. ಕತ್ತರಿಸಿದ ತುಂಡುಗಳನ್ನು ಬಟ್ಟೆ ಒಣಹಾಕಿದ ಹಾಗೆ ನೇತುಹಾಕಿ, ಯಾವುದು ಎಲ್ಲಿದೆ ಎಂದು ಬರೆದಿಡಬೇಕು. ಎಲ್ಲ ತೀರ್ಮಾನವಾದ ಮೇಲೆ ಫಿಲ್ಮಿನ ಅಂಚಿನ ನಂಬರು ನೋಡಿ ಮೂಲ ನೆಗೆಟಿವ್ ಕತ್ತರಿಸುತ್ತಾರೆ. ಅಲ್ಲಿ ತಪ್ಪಿದರೆ ಮುಗಿಯಿತು. ಹೀಗಾಗಿ ಕತ್ತರಿ ಎತ್ತುವ ಮೊದಲೇ ಯೋಚನೆ ಮುಗಿದಿರಬೇಕು.

1980ರಲ್ಲಿ ಸಯೀದ್ ಮಿರ್ಜಾರ ‘ಆಲ್ಬರ್ಟ್ ಪಿಂಟೋ ಕೋ ಗುಸ್ಸಾ ಕ್ಯೋಂ ಆತಾ ಹೈ’, 1981ರಲ್ಲಿ ವಿಧು ವಿನೋದ್ ಚೋಪ್ರಾರ ‘ಸಜಾಯೇ ಮೌತ್’. ಇವು ರೇಣು ಅವರ ಆರಂಭದ ಚಿತ್ರಗಳು. ಅವರ ಕೆಲಸದ ಹರವು ಎಷ್ಟು ದೊಡ್ಡದು ಎಂದು ತಿಳಿಯಬೇಕಾದರೆ 1983ನೇ ಇಸವಿಯನ್ನು ನೋಡಬೇಕು. ಆ ವರ್ಷ ಬಂದ ಎರಡು ಚಿತ್ರಗಳು: ‘ಜಾನೇ ಭೀ ದೋ ಯಾರೋ’ ಮತ್ತು ‘ಅರ್ಧ ಸತ್ಯ’.

ಕುಂದನ್ ಶಾ ಅವರ ‘ಜಾನೇ ಭೀ ದೋ ಯಾರೋ’ವನ್ನು ನಮ್ಮ ವಯಸ್ಸಿನವರು ದೂರದರ್ಶನದಲ್ಲಿ ನೋಡಿ ಹೊಟ್ಟೆ ಹುಣ್ಣಾಗುವಷ್ಟು ನಕ್ಕಿದ್ದೇವೆ. ಅದರ ಇಬ್ಬರು ಫೋಟೋಗ್ರಾಫರುಗಳ ಹೆಸರು ವಿನೋದ್ ಮತ್ತು ಸುಧೀರ್. ಗೆಳೆಯರಾದ ವಿಧು ವಿನೋದ್ ಚೋಪ್ರಾ ಮತ್ತು ಸುಧೀರ್ ಮಿಶ್ರಾ ಅವರ ಹೆಸರುಗಳನ್ನೇ ತಮಾಷೆಗೆ ಇಟ್ಟದ್ದು. ಕೊನೆಯಲ್ಲಿ ಹೆಣವೊಂದು ದ್ರೌಪದಿಯ ಸೀರೆಯುಟ್ಟು ಮಹಾಭಾರತ ನಾಟಕದ ವೇದಿಕೆಗೆ ಬರುತ್ತದೆ. ಕಳ್ಳರು, ಸಾಹುಕಾರರು, ಪತ್ರಕರ್ತೆ ಎಲ್ಲರೂ ವೇಷ ಹಾಕಿಕೊಂಡು ಹಿಂದೆಯೇ ನುಗ್ಗುತ್ತಾರೆ. ಪಾಪದ ಧೃತರಾಷ್ಟ್ರ ಏನು ನಡೆಯುತ್ತಿದೆ ಎಂದು ಕೇಳುತ್ತಲೇ ಇರುತ್ತಾನೆ. ನಮ್ಮೂರಿನ ಬಯಲಾಟದಲ್ಲಿ ಮಾತು ತಪ್ಪಿದಾಗ ಆಗುವ ಗೊಂದಲ ನೋಡಿದವರಿಗೆ ಈ ದೃಶ್ಯ ಬಹಳ ಹತ್ತಿರದ್ದು ಅನಿಸುತ್ತದೆ. ಇಷ್ಟೊಂದು ಜನ ಒಟ್ಟಿಗೆ ಗದ್ದಲ ಮಾಡುವಾಗ ಯಾರ ಮುಖ ಯಾವಾಗ ತೋರಿಸಬೇಕು? ಅರ್ಧ ಸೆಕೆಂಡು ಮೊದಲು ತೋರಿಸಿದರೆ ನಗು ಹುಟ್ಟುವುದಿಲ್ಲ, ಅರ್ಧ ಸೆಕೆಂಡು ತಡವಾದರೆ ಆರಿಹೋಗುತ್ತದೆ. ನಗಿಸಿ ನಗಿಸಿ, ಕೊನೆಗೆ ತಪ್ಪೇ ಮಾಡದ ಆ ಇಬ್ಬರು ಹುಡುಗರನ್ನು ಕೈದಿಗಳ ಬಟ್ಟೆಯಲ್ಲಿ ನಮ್ಮ ಮುಂದೆ ತಂದು ನಿಲ್ಲಿಸುತ್ತದೆ ಚಿತ್ರ. ನಕ್ಕಿದ್ದಕ್ಕೆ ನಮಗೇ ನಾಚಿಕೆಯಾಗುತ್ತದೆ.

‘ಅರ್ಧ ಸತ್ಯ’ ಇದಕ್ಕೆ ಪೂರ್ತಿ ವಿರುದ್ಧ. ನಿರ್ದೇಶಕ ಗೋವಿಂದ ನಿಹಲಾನಿ ಛಾಯಾಗ್ರಹಣ ಕಲಿತದ್ದು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ನಮ್ಮ ಮೈಸೂರಿನ ವಿ.ಕೆ. ಮೂರ್ತಿಯವರಿಗೆ ಸಹಾಯಕರಾಗಿ ದುಡಿದವರು. ಓಂ ಪುರಿ ಅಭಿನಯದ ಇನ್‌ಸ್ಪೆಕ್ಟರ್ ವೇಲಣಕರ್ ಒಳಗೊಳಗೇ ಕುದಿಯುವ ಮನುಷ್ಯ. ಕೊನೆಗೆ ರಾಮಾ ಶೆಟ್ಟಿ ಎಂಬ ರಾಜಕಾರಣಿ-ಗೂಂಡಾನ ಕತ್ತು ಹಿಸುಕಿ, ತಾನೇ ಠಾಣೆಗೆ ಹೋಗಿ ಒಪ್ಪಿಸಿಕೊಳ್ಳುತ್ತಾನೆ. ಇಲ್ಲಿ ಓಡುವ ಸಂಕಲನ ನಡೆಯುವುದಿಲ್ಲ. ಆ ಮುಖದ ಮೇಲೆ ಕಾಯಬೇಕು. ಒಂದೇ ವರ್ಷದಲ್ಲಿ ಒಂದು ಚಿತ್ರಕ್ಕೆ ಗಡಿಬಿಡಿಯ ಲಯ, ಇನ್ನೊಂದಕ್ಕೆ ಸಹನೆಯ ಲಯ. ಹೆಸರು ತೆಗೆದು ತೋರಿಸಿದರೆ ಎರಡನ್ನೂ ಒಬ್ಬರೇ ಸಂಕಲಿಸಿದ್ದು ಎಂದು ಯಾರೂ ಹೇಳಲಾರರು.

ನಾಲ್ಕು ರಾಷ್ಟ್ರಪ್ರಶಸ್ತಿ

ರೇಣು ತಮ್ಮ ಸಹಪಾಠಿ ವಿಧು ವಿನೋದ್ ಚೋಪ್ರಾ ಅವರನ್ನು ಮದುವೆಯಾಗಿದ್ದರು. ಕೆಲವು ವರ್ಷಗಳ ನಂತರ ಇಬ್ಬರೂ ಬೇರೆಯಾದರು. ಆದರೆ ಕೆಲಸದ ಸಂಬಂಧ ಮುರಿಯಲಿಲ್ಲ. ಬೇರೆಯಾದ ಮೇಲೆ ಬಂದ ಚೋಪ್ರಾರ ‘ಪರಿಂದಾ’ (1989) ಚಿತ್ರವೇ ರೇಣು ಅವರಿಗೆ ಸಂಕಲನಕ್ಕಾಗಿ ಮೊದಲ ರಾಷ್ಟ್ರಪ್ರಶಸ್ತಿ ತಂದದ್ದು. ಪಾರಿವಾಳಗಳ ನಡುವೆ ಅನುಪಮ್ ಖೇರ್ ಪಾತ್ರ ಗುಂಡಿಗೆ ಬಲಿಯಾಗುವ ದೃಶ್ಯ ನೋಡಿದವರು ಮರೆಯುವುದಿಲ್ಲ. ಗುಂಡು, ಮುಖ, ರೆಕ್ಕೆಗಳ ಪಟಪಟ ಸದ್ದು ಇವುಗಳ ಜೋಡಣೆಯಲ್ಲೇ ನಮಗೆ ಭಯ ಹುಟ್ಟುತ್ತದೆ.

ಎರಡನೆಯ ಪ್ರಶಸ್ತಿ ಸುಧೀರ್ ಮಿಶ್ರಾರ ‘ಧಾರಾವಿ’ಗೆ (1991). ಮುಂಬೈಯ ಕೊಳೆಗೇರಿಯಲ್ಲಿ ಬದುಕುವ ಟ್ಯಾಕ್ಸಿ ಚಾಲಕನೊಬ್ಬನ ಕನಸಿನಲ್ಲಿ ಮಾಧುರಿ ದೀಕ್ಷಿತ್ ಬರುತ್ತಾರೆ; ಕಣ್ಣು ಬಿಟ್ಟರೆ ಸಾಲ, ಜಗಳ. ಮೂರನೆಯದು ಕೇತನ್ ಮೆಹ್ತಾರ ‘ಸರ್ದಾರ್’ಗೆ (1993), ವಲ್ಲಭಭಾಯಿ ಪಟೇಲರ ಜೀವನಕಥೆ. ನಾಲ್ಕನೆಯದು ವಿನಯ್ ಶುಕ್ಲಾರ ‘ಗಾಡ್‌ಮದರ್’ಗೆ, ಶಬಾನಾ ಆಜ್ಮಿ ಮುಖ್ಯ ಪಾತ್ರದಲ್ಲಿದ್ದ ಗುಜರಾತಿನ ಕಥೆ. ಭೂಗತಲೋಕ, ಕೊಳೆಗೇರಿ, ಸ್ವಾತಂತ್ರ್ಯದ ಇತಿಹಾಸ, ಹೆಣ್ಣೊಬ್ಬಳ ರಾಜಕೀಯ: ನಾಲ್ಕು ಬೇರೆ ಬೇರೆ ಲೋಕ, ನಾಲ್ಕು ಬೇರೆ ನಿರ್ದೇಶಕರು. ಇದೇ ದಶಕದಲ್ಲಿ ನಮ್ಮ ಕನ್ನಡಿಗ ಸುರೇಶ್ ಅರಸ್ ಅವರೂ ಮಣಿರತ್ನಂ ಅವರ ‘ಬಾಂಬೆ’ಗೆ ಇದೇ ಪ್ರಶಸ್ತಿ ಪಡೆದರು ಎಂಬುದು ನಮಗೆ ಹೆಮ್ಮೆ.

1994ರ ಪಟ್ಟಿ ಇನ್ನೂ ವಿಚಿತ್ರವಾಗಿದೆ. ಆ ಒಂದು ವರ್ಷದಲ್ಲಿ ‘ಕಭೀ ಹಾಂ ಕಭೀ ನಾ’ ಇದೆ, ‘1942: ಎ ಲವ್ ಸ್ಟೋರಿ’ ಇದೆ, ‘ಬ್ಯಾಂಡಿಟ್ ಕ್ವೀನ್’ ಇದೆ. ಮೊದಲನೆಯದು ಪ್ರೀತಿಸಿದ ಹುಡುಗಿ ಸಿಗದ ಹುಡುಗನ ಹಗುರವಾದ ಕಥೆ. ಎರಡನೆಯದು ಆರ್.ಡಿ. ಬರ್ಮನ್ನರ ಹಾಡುಗಳಿಂದ ಇವತ್ತಿಗೂ ಮನೆಮನೆಯಲ್ಲಿ ಉಳಿದಿರುವ ಚಿತ್ರ. ಹಾಡಿನ ಸಂಕಲನ ಬೇರೆಯೇ ವಿದ್ಯೆ. ತಾಳಕ್ಕೆ ತಕ್ಕಂತೆ ಕತ್ತರಿಸಿದರೂ ಯಾಂತ್ರಿಕವಾಗಬಾರದು.

ಮೂರನೆಯದಾದ ‘ಬ್ಯಾಂಡಿಟ್ ಕ್ವೀನ್’ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು. ಫೂಲನ್ ದೇವಿಯ ಜೀವನವನ್ನು ಆಧರಿಸಿ ಶೇಖರ್ ಕಪೂರ್ ಮಾಡಿದ ಚಿತ್ರ ಅದು. ಸೀಮಾ ಬಿಸ್ವಾಸ್ ಅಭಿನಯ ಮರೆಯುವಂಥದ್ದಲ್ಲ. ಆದರೆ ಆಗ ಬದುಕಿದ್ದ ಫೂಲನ್ ದೇವಿಯೇ ಆ ಚಿತ್ರವನ್ನು ವಿರೋಧಿಸಿ ಕೋರ್ಟಿಗೆ ಹೋದರು. ಬದುಕಿರುವ ಹೆಣ್ಣೊಬ್ಬಳ ಮೇಲಾದ ಅತ್ಯಾಚಾರವನ್ನು ಅವಳ ಒಪ್ಪಿಗೆಯಿಲ್ಲದೆ ತೆರೆಯ ಮೇಲೆ ತೋರಿಸಬಹುದೇ ಎಂದು ಅರುಂಧತಿ ರಾಯ್ ತೀಕ್ಷ್ಣವಾಗಿ ಬರೆದರು. ನಾನು ಮೊದಲು ಈ ವಿವಾದವನ್ನು ನಿರ್ದೇಶಕರಿಗೆ ಸಂಬಂಧಿಸಿದ್ದು ಎಂದುಕೊಂಡಿದ್ದೆ. ಈಗ ಹಾಗನಿಸುವುದಿಲ್ಲ. ಅವಮಾನದ ಒಂದು ದೃಶ್ಯವನ್ನು ಎಷ್ಟು ಹೊತ್ತು ತೋರಿಸಬೇಕು, ಯಾವ ಕ್ಷಣದಲ್ಲಿ ಕಣ್ಣು ಬೇರೆಡೆಗೆ ತಿರುಗಿಸಬೇಕು ಎಂಬ ಪ್ರಶ್ನೆ ಸಂಕಲನದ ಮೇಜಿನ ಮೇಲೂ ಇರುತ್ತದೆ. ರೇಣು ಕೌಶಲವನ್ನು ಮೆಚ್ಚುವವರಲ್ಲಿ ನಾನೂ ಒಬ್ಬಳು. ಆದರೂ ಎಷ್ಟೇ ನುರಿತ ಕೈಯಾದರೂ, ಇನ್ನೊಬ್ಬರ ಬದುಕನ್ನು ಕತ್ತರಿಸಿ ಜೋಡಿಸುವಾಗ ಅವರ ಮಾತು ಕೇಳಿಸಿಕೊಳ್ಳಬೇಕಾಗುತ್ತದೆ ಎಂಬುದನ್ನೂ ಈ ಚಿತ್ರದಿಂದಲೇ ಕಲಿತೆ. 18 ನಿಮಿಷದ ನಮ್ಮ ವಿಡಿಯೋಗೂ ಈ ಮಾತು ಸಲ್ಲುತ್ತದೆ.

ಕಾಣದ ಕೆಲಸ

1997ರಲ್ಲಿ ಸುಭಾಷ್ ಘೈ ಅವರ ದೊಡ್ಡ ಬಜೆಟ್ಟಿನ ‘ಪರದೇಸ್’, 1999ರಲ್ಲಿ ನಾಗೇಶ್ ಕುಕುನೂರ್ ಅವರ ಪುಟ್ಟ ಇಂಗ್ಲಿಷ್ ಚಿತ್ರ ‘ರಾಕ್‌ಫೋರ್ಡ್’. ರೇಣು ಎರಡು ಕಡೆಯೂ ಸಲ್ಲುತ್ತಿದ್ದರು. ಕಲಾತ್ಮಕ, ಕಮರ್ಷಿಯಲ್ ಎಂದು ನಾವು ಎಳೆದುಕೊಂಡ ಗೆರೆ ಅವರ ಮೇಜಿನ ಮೇಲೆ ಇರಲಿಲ್ಲ. ಹೊಸ ನಿರ್ದೇಶಕರ ಮೊದಮೊದಲ ಚಿತ್ರಗಳಿಗೆ ಅವರು ಎಷ್ಟು ಆಸರೆಯಾಗಿದ್ದರು ಎಂಬುದನ್ನು ಆ ತಲೆಮಾರಿನವರು ಈಗಲೂ ನೆನೆಯುತ್ತಾರೆ.

2000ದ ಆರಂಭದಲ್ಲಿ ಕಮಲ ಹಾಸನ್ ಅವರ ‘ಹೇ ರಾಮ್’ ಬಂತು. ಅದರ ಸಂಕಲನವೂ ರೇಣು ಅವರದೇ. ಅದರಲ್ಲಿ ಬೆಂಗಳೂರಿನ ಹುಡುಗಿ ವಸುಂಧರಾ ದಾಸ್ ನಾಯಕನ ಪತ್ನಿ. ಗಿರೀಶ ಕಾರ್ನಾಡರೂ ಒಂದು ಪಾತ್ರದಲ್ಲಿದ್ದಾರೆ. ಓದುವ ದಿನಗಳಲ್ಲಿ ತಮ್ಮ ಸಂಸ್ಥೆಯ ಮುಖ್ಯಸ್ಥರಾಗಿದ್ದವರ ಮುಖ 25 ವರ್ಷಗಳ ನಂತರ ತಮ್ಮ ಮೇಜಿನ ಪರದೆಯ ಮೇಲೆ ಬಂದಾಗ ರೇಣು ಅವರಿಗೆ ಏನನ್ನಿಸಿರಬಹುದು ಎಂದು ನಾನು ಎಷ್ಟೋ ಸಲ ಕಲ್ಪಿಸಿಕೊಂಡಿದ್ದೇನೆ.

ಅದೇ ವರ್ಷ ಆಗಸ್ಟ್ 16ರಂದು ಮುಂಬೈಯಲ್ಲಿ ಹೊಟ್ಟೆಯ ಕ್ಯಾನ್ಸರ್‌ನಿಂದ ರೇಣು ತೀರಿಕೊಂಡರು. ಆಗಿನ್ನೂ ಅವರಿಗೆ 48 ವರ್ಷ. ಎಫ್‌ಟಿಐಐ ಹಳೆಯ ವಿದ್ಯಾರ್ಥಿಗಳ ಸಂಘ ಅವರ ಕೆಲಸದ ಬಗ್ಗೆ ಒಂದು ಪುಸ್ತಕ ತಂದಿದೆ. ಅದರ ಹೆಸರು ‘ಇನ್‌ವಿಸಿಬಲ್’, ಅಂದರೆ ಕಾಣದ್ದು. ಒಳ್ಳೆಯ ಸಂಕಲನ ಕಣ್ಣಿಗೆ ಬೀಳುವುದಿಲ್ಲ, ಕೆಟ್ಟದ್ದಾದರೆ ಮಾತ್ರ ಎಲ್ಲರಿಗೂ ಕಾಣುತ್ತದೆ. ನಮ್ಮ ತಾಯಂದಿರ ಕೆಲಸವೂ ಹಾಗೇ ಅಲ್ಲವೇ? ಸಾರಿಗೆ ಉಪ್ಪು ಸರಿಯಿದ್ದ ದಿನ ಯಾರೂ ಏನೂ ಅನ್ನುವುದಿಲ್ಲ.

ಆದರೆ ರೇಣು ತೆರೆದ ಬಾಗಿಲು ಮತ್ತೆ ಮುಚ್ಚಲಿಲ್ಲ. ‘ಬ್ಲ್ಯಾಕ್ ಫ್ರೈಡೇ’ಯ ಆರತಿ ಬಜಾಜ್, ‘ತಾರೇ ಜಮೀನ್ ಪರ್’ನ ದೀಪಾ ಭಾಟಿಯಾ, ‘ಕಹಾನಿ’ಗೆ ರಾಷ್ಟ್ರಪ್ರಶಸ್ತಿ ಪಡೆದ ನಮ್ರತಾ ರಾವ್ ಇವರೆಲ್ಲ ಸಂಕಲನಕಾರ್ತಿಯರು. "ಹುಡುಗಿ ಎಡಿಟರ್ರಾ?" ಎಂದು ಹುಬ್ಬೇರಿಸುವವರು ಇವತ್ತು ಕಡಿಮೆಯಾಗಿದ್ದಾರೆ.

ಮತ್ತೆ ನಮ್ಮ ಮೇಜಿಗೆ

ಇಷ್ಟೆಲ್ಲ ಓದಿದ ಮೇಲೆ ನಾನು ಮಾಡಿದ್ದು ಒಂದೇ ಕೆಲಸ. ಪುಣ್ಯಕ್ಕೆ 6 ಗಂಟೆಯ ಮೂಲ ರೆಕಾರ್ಡಿಂಗ್ ಅಳಿಸಿರಲಿಲ್ಲ. ಲ್ಯಾಪ್‌ಟಾಪ್ ತೆಗೆದು ಕಾಕುವಿನ ಭಾಗವನ್ನು ಮೊದಲಿನಿಂದ ನೋಡಿದೆ. ಆ 11 ಸೆಕೆಂಡಿನಲ್ಲಿ ಅವರು ಸುಮ್ಮನೆ ಕೂತಿದ್ದಾರೆ ಎಂದುಕೊಂಡಿದ್ದೆನಲ್ಲ, ಹಾಗಲ್ಲ. ಮಡಿಲಲ್ಲಿದ್ದ ಬಲಗೈಯ ಬೆರಳುಗಳು ತೊಡೆಯ ಮೇಲೆ ಮೆಲ್ಲಗೆ ತಾಳ ಹಾಕುತ್ತಿವೆ. ಒಮ್ಮೆ ಬಾಯಿ ತೆರೆದು, ಮತ್ತೆ ಮುಚ್ಚುತ್ತಾರೆ. ಆಮೇಲೆ ಅಡುಗೆಮನೆಯ ಮಾತು ಬರುತ್ತದೆ. ಮೊದಲ ಸಲ ನೋಡುವಾಗ ನನ್ನ ಕಣ್ಣು ಪರದೆಯ ಕೆಳಗೆ ಓಡುವ ಸಮಯದ ಮೇಲಿತ್ತೇ ಹೊರತು ಅವರ ಕೈಯ ಮೇಲಿರಲಿಲ್ಲ.

ಆ 11 ಸೆಕೆಂಡುಗಳನ್ನು ಇದ್ದ ಜಾಗಕ್ಕೇ ಇಟ್ಟೆ. ಅದಕ್ಕೆ ಜಾಗ ಮಾಡಲು ವಿಡಿಯೋದ ಶುರುವಿನಲ್ಲಿ ನನ್ನದೇ ಧ್ವನಿಯಲ್ಲಿದ್ದ ಪೀಠಿಕೆಯನ್ನು ತೆಗೆದೆ. ಯಾರಿಗೂ ಅದರ ಕೊರತೆ ಕಾಣಲಿಲ್ಲ ಎಂದು ಹೇಳಬೇಕು!

ಒಂದು ಭಾನುವಾರ ಲ್ಯಾಪ್‌ಟಾಪ್ ಹಿಡಿದು ಕಾಕುವಿನ ಮನೆಗೆ ಹೋದೆ. ಕನ್ನಡಕ ಏರಿಸಿಕೊಂಡು ಪೂರ್ತಿ ನೋಡಿದರು. "ಹೂಂ. ಹಿಂಗ ಇತ್ತು" ಅಂದರು. ಸ್ವಲ್ಪ ಹೊತ್ತು ಬಿಟ್ಟು, "ಇನ್ನೊಮ್ಮೆ ಹಾಕವಾ" ಅಂದರು. ಎರಡನೆಯ ಸಲ ನೋಡುವಾಗ ಅವರ ಬೆರಳು ಕುರ್ಚಿಯ ಕೈಯ ಮೇಲೆ ತಾಳ ಹಾಕುತ್ತಿತ್ತು. ಚಹಾ ಕುಡಿಸಿಯೇ ಕಳಿಸಿದರು.

ಈ ಹೊಸ ವಿಡಿಯೋವನ್ನು ವೇದಿಕೆಯ ಮುಂದಿನ ಸಭೆಯಲ್ಲಿ ತೋರಿಸೋಣ ಎಂದಿದ್ದೇವೆ. ಅದರ ಜೊತೆಗೆ ‘ಜಾನೇ ಭೀ ದೋ ಯಾರೋ’ವನ್ನೂ ಒಟ್ಟಿಗೆ ಕೂತು ನೋಡೋಣ ಎಂಬ ಆಸೆ ನನ್ನದು. ನೋಡುವಾಗ ಟೈಟಲ್ ಕಾರ್ಡುಗಳು ಮುಗಿಯುವ ತನಕ ಪಾಪ್‌ಕಾರ್ನ್ ಕಡೆ ಗಮನ ಕೊಡದೆ, ಆ ಒಂದು ಹೆಸರಿಗಾಗಿ ಕಾಯಬೇಕೆಂದು ವಿನಂತಿ. ನಿಮ್ಮ ಮನೆಯಲ್ಲೂ ಅಜ್ಜಿಯ, ಅತ್ತೆಯ, ಅಮ್ಮನ ಹಳೆಯ ವಿಡಿಯೋಗಳಿದ್ದರೆ ದಯವಿಟ್ಟು ಅಳಿಸಬೇಡಿ. ಮೊಬೈಲಿನಲ್ಲಿ ಜಾಗ ಸಾಲದಿದ್ದರೆ ನನಗೆ ಕಳಿಸಿ, ನನ್ನ ಹಾರ್ಡ್ ಡಿಸ್ಕಿನಲ್ಲಿ ಜಾಗವಿದೆ.